ಗನ್ ಯಾರ ಹೆಸರಲ್ಲಿದೆ? ಒಬ್ಬ ಮಾಜಿ ಹವಾಲ್ದಾರರ ಗನ್‌ಮ್ಯಾನ್ ಲೈಸೆನ್ಸ್ ಪ್ರಕರಣ

ಸೈನ್ಯದಿಂದ ನಿವೃತ್ತರಾಗಿ ಊರಿಗೆ ಬಂದವರು ಹುಡುಕುವ ಕೆಲಸಗಳಲ್ಲಿ ಗನ್‌ಮ್ಯಾನ್ ಕೆಲಸ ಮುಂಚೂಣಿಯಲ್ಲಿದೆ. ಬ್ಯಾಂಕಿನ ಬಾಗಿಲು, ಎಟಿಎಂಗೆ ಹಣ ತುಂಬುವ ವ್ಯಾನು, ದೊಡ್ಡ ಚಿನ್ನದ ಮಳಿಗೆ, ಎಲ್ಲ ಕಡೆ ಇವರನ್ನೇ ಕೇಳುತ್ತಾರೆ. ಬರೀ ಲಾಠಿ ಹಿಡಿದು ನಿಲ್ಲುವವರಿಗಿಂತ ಸಂಬಳ ಜಾಸ್ತಿ. ಕೇಂದ್ರ ಸರ್ಕಾರದ ಕನಿಷ್ಠ ವೇತನದ ಪಟ್ಟಿಯಲ್ಲೇ ಆಯುಧ ಇರುವ ಕಾವಲುಗಾರರಿಗೆ ಒಂದು ದರ, ಇಲ್ಲದವರಿಗೆ ಇನ್ನೊಂದು ದರ ಇದೆ. ಇಪ್ಪತ್ತು ವರ್ಷ ಆಯುಧ ಹಿಡಿದವರಿಗೆ ಲೈಸೆನ್ಸ್ ಸಿಗುವುದೇನು ಕಷ್ಟ ಅಂತ ಹೊರಗಿನವರು ಅಂದುಕೊಳ್ಳುತ್ತಾರೆ. ನಿವೃತ್ತರಾದವರೂ ಹಾಗೇ ಅಂದುಕೊಂಡು ಬರುತ್ತಾರೆ.

ನಮ್ಮ ಮಾಜಿ ಸೈನಿಕರ ಸಂಘದಲ್ಲಿ ಇಂಥ ಅರ್ಜಿಗಳ ಕಾಗದಪತ್ರ ನೋಡಿಕೊಳ್ಳುವುದು ನನ್ನ ಪಾಲಿನ ಕೆಲಸ. ಇಲ್ಲಿ ಬರೆಯುತ್ತಿರುವುದು ಒಬ್ಬರ ಪ್ರಕರಣ. ಅವರ ಒಪ್ಪಿಗೆ ಪಡೆದು, ಹೆಸರು ಊರು ಬಿಟ್ಟು ಬರೆಯುತ್ತಿದ್ದೇನೆ. ಹವಾಲ್ದಾರ್ ಆಗಿ ನಿವೃತ್ತರಾದವರು, ಹಾಗಾಗಿ ಹವಾಲ್ದಾರರು ಎಂದೇ ಕರೆಯುತ್ತೇನೆ. ಈ ಪ್ರಕರಣವನ್ನೇ ಆರಿಸಿಕೊಳ್ಳಲು ಕಾರಣ ಇದೆ. ಗನ್‌ಮ್ಯಾನ್ ಕೆಲಸದಲ್ಲಿ ಮನುಷ್ಯನ ಅರ್ಹತೆ ಒಂದು, ಗನ್ನಿನ ಲೈಸೆನ್ಸ್ ಇನ್ನೊಂದು. ಇವೆರಡನ್ನೂ ಒಂದೇ ಎಂದು ತಿಳಿದು ಎಷ್ಟೋ ಒಳ್ಳೆಯವರು ಕೇಸಿನ ಅಂಚಿಗೆ ಹೋಗಿ ನಿಂತಿರುತ್ತಾರೆ. ಇವರೂ ನಿಂತಿದ್ದರು.

ಹಿನ್ನೆಲೆ

ಹವಾಲ್ದಾರರಿಗೆ ಆಗ 43 ವರ್ಷ. ಇಪ್ಪತ್ನಾಲ್ಕು ವರ್ಷ ಸೇವೆ ಮುಗಿಸಿ ಬಂದಿದ್ದರು. ಮಲೆನಾಡಿನ ಅಂಚಿನ ಹಳ್ಳಿ, ಸ್ವಲ್ಪ ಕಾಫಿ, ಸ್ವಲ್ಪ ಗದ್ದೆ. ಇಬ್ಬರು ಮಕ್ಕಳು ಓದುತ್ತಿದ್ದರು. ಪಿಂಚಣಿ ಬರುತ್ತಿತ್ತು, ಆದರೆ ಕಾಲೇಜಿನ ಫೀಸಿಗೆ ಅದು ಸಾಲುತ್ತಿರಲಿಲ್ಲ. ಹತ್ತಿರದ ನಗರದಲ್ಲಿ ಎಟಿಎಂ ಕ್ಯಾಶ್ ವ್ಯಾನ್‌ಗೆ ಗನ್‌ಮ್ಯಾನ್ ಬೇಕು ಅಂತ ಒಂದು ಏಜೆನ್ಸಿಯವರು ಹೇಳಿದರು.

ಕ್ಯಾಶ್ ವ್ಯಾನ್‌ಗೆ ಗನ್‌ಮ್ಯಾನ್ ಯಾಕೆ ಇಷ್ಟು ಬೇಕಾಗಿದ್ದಾರೆ ಎಂಬುದಕ್ಕೆ ಕಾರಣ ಇದೆ. ಕೇಂದ್ರ ಗೃಹ ಸಚಿವಾಲಯ 2018ರಲ್ಲಿ ಹಣ ಸಾಗಿಸುವ ಏಜೆನ್ಸಿಗಳಿಗೆ ನಿಯಮ ತಂದಿತು. ಪ್ರತಿ ವ್ಯಾನಿನಲ್ಲಿ ಡ್ರೈವರ್ ಬಿಟ್ಟು ಇಬ್ಬರು ಆಯುಧಧಾರಿ ಕಾವಲುಗಾರರು, ಹಣದ ಜವಾಬ್ದಾರಿಯ ಇಬ್ಬರು ಸಿಬ್ಬಂದಿ ಇರಬೇಕು. ಒಂದು ಸಲಕ್ಕೆ 5 ಕೋಟಿಗಿಂತ ಜಾಸ್ತಿ ಒಯ್ಯುವಂತಿಲ್ಲ. ನಗರದಲ್ಲಿ ರಾತ್ರಿ 9ರ ಮೇಲೆ, ಹಳ್ಳಿ ಕಡೆ ಸಂಜೆ 6ರ ಮೇಲೆ ಎಟಿಎಂಗೆ ಹಣ ತುಂಬುವಂತಿಲ್ಲ. ಅದೇ ವರ್ಷ ರಿಸರ್ವ್ ಬ್ಯಾಂಕ್ ಕೂಡ ಇಬ್ಬರು ಗನ್‌ಮ್ಯಾನ್ ಇರಬೇಕು, ಅವರ ಹತ್ತಿರ ಚಾಲ್ತಿಯಲ್ಲಿರುವ ಲೈಸೆನ್ಸ್ ಇರಬೇಕು, ಗನ್ ಕೆಲಸ ಮಾಡುವ ಸ್ಥಿತಿಯಲ್ಲಿರಬೇಕು, ಗನ್‌ಮ್ಯಾನ್‌ಗಳ ಪಟ್ಟಿಯನ್ನು ಪೊಲೀಸರಿಗೆ ಕೊಡಬೇಕು ಎಂದಿತು. 2025ರ ಜನವರಿಯಲ್ಲಿ ಬೀದರ್‌ನಲ್ಲಿ ಹಾಡಹಗಲೇ ಎಟಿಎಂಗೆ ಹಣ ತಂದ ಸಿಬ್ಬಂದಿಯ ಮೇಲೆ ಗುಂಡು ಹಾರಿಸಿ ದರೋಡೆ ಮಾಡಿದ್ದು ನೆನಪಿರಬಹುದು, ಒಬ್ಬರು ಪ್ರಾಣ ಕಳೆದುಕೊಂಡರು. ಈ ಕೆಲಸದಲ್ಲಿ ಅಪಾಯ ಇದೆ. ನಿಯಮಗಳು ಸುಮ್ನೆ ಬಂದವಲ್ಲ.

ಒಂದೊಂದು ವ್ಯಾನಿಗೆ ಇಬ್ಬಿಬ್ಬರು ಎಂದಾಗ ಏಜೆನ್ಸಿಗಳಿಗೆ ಎಷ್ಟು ಜನ ಬೇಕು ನೋಡಿ. ಜನ ಸಿಗುತ್ತಾರೆ, ಗನ್ ಸಿಗುವುದಿಲ್ಲ. ಅದಕ್ಕೇ ಬಾಗಿಲಲ್ಲೇ ಕೇಳುವ ಮೊದಲ ಪ್ರಶ್ನೆ: "ಸ್ವಂತ ಗನ್ ಇದೆಯಾ ಸಾರ್?"

ಹವಾಲ್ದಾರರ ಹತ್ತಿರ ಇರಲಿಲ್ಲ. ಆದರೆ ಮನೆಯಲ್ಲಿ ಇತ್ತು. ಅಪ್ಪನ ಹೆಸರಿನಲ್ಲಿ ಬೆಳೆ ರಕ್ಷಣೆಗೆ ಲೈಸೆನ್ಸ್ ಪಡೆದ ಜೋಡಿ ನಳಿಗೆಯ ಕೋವಿ. ಮೂವತ್ತು ವರ್ಷಕ್ಕೂ ಹಿಂದಿನದು. ಗದ್ದೆಗೆ ಹಂದಿ ನುಗ್ಗಿದರೆ ಗಾಳಿಯಲ್ಲಿ ಒಂದು ಈಡು ಹಾರಿಸಿ ಓಡಿಸುವುದಕ್ಕೆ ಬಿಟ್ಟರೆ ಬೇರೆ ಕೆಲಸಕ್ಕೆ ಅದನ್ನು ಬಳಸಿದವರಲ್ಲ.

ಮನುಷ್ಯನ ಅರ್ಹತೆ: ಸುಲಭದ ಭಾಗ

ಖಾಸಗಿ ಭದ್ರತಾ ಏಜೆನ್ಸಿಗಳ ನಿಯಂತ್ರಣ ಕಾಯ್ದೆ 2005ರಲ್ಲಿ ಬಂತು. ಈ ಕ್ಷೇತ್ರದವರು ಅದನ್ನು ಪಸಾರಾ ಎನ್ನುತ್ತಾರೆ. ಅದರ ಪ್ರಕಾರ ಕಾವಲುಗಾರನಿಗೆ 18 ತುಂಬಿರಬೇಕು, 65 ದಾಟಿರಬಾರದು. ನಡತೆ ಸರಿ ಇದೆಯೆಂದು ಪರಿಶೀಲನೆ ಆಗಬೇಕು. ಸೈನ್ಯ, ಪೊಲೀಸ್‌ನಿಂದ ದುರ್ನಡತೆಗೆ ವಜಾ ಆದವರಿಗೆ ಅವಕಾಶ ಇಲ್ಲ. ಮಾಜಿ ಸೈನಿಕರಿಗೆ, ಮಾಜಿ ಪೊಲೀಸರಿಗೆ, ಗೃಹರಕ್ಷಕರಿಗೆ ಆದ್ಯತೆ ಕೊಡಬಹುದು ಎಂದು ಕಾಯ್ದೆಯೇ ಹೇಳುತ್ತದೆ.

ತರಬೇತಿ ಕಡ್ಡಾಯ. ಮಾದರಿ ನಿಯಮದಲ್ಲಿ ಹೊಸಬರಿಗೆ 100 ಗಂಟೆ ಪಾಠ, 60 ಗಂಟೆ ಮೈದಾನದ ತರಬೇತಿ. ಮಾಜಿ ಸೈನಿಕರಿಗೆ ಇದು ಚಿಕ್ಕದು: 40 ಗಂಟೆ ಪಾಠ, 16 ಗಂಟೆ ಮೈದಾನ, ಕನಿಷ್ಠ ಏಳು ಕೆಲಸದ ದಿನ. ದೇಹದ ಅಳತೆಯೂ ಇದೆ. ಗಂಡಸರಿಗೆ 160 ಸೆಂಟಿಮೀಟರ್ ಎತ್ತರ, ಆರು ನಿಮಿಷದಲ್ಲಿ ಒಂದು ಕಿಲೋಮೀಟರ್ ಓಟ, ಬಣ್ಣಗುರುಡು ಇರಬಾರದು. ಹವಾಲ್ದಾರರಿಗೆ ಇದ್ಯಾವುದೂ ಕಷ್ಟ ಆಗಲಿಲ್ಲ. ಏಜೆನ್ಸಿ ಕಳಿಸಿದ ತರಬೇತಿ ಮುಗಿಸಿ ಪ್ರಮಾಣಪತ್ರ ತಂದರು.

ಅಲ್ಲಿ ಒಂದೇ ಒಂದು ವಿಷಯಕ್ಕೆ ಅವರಿಗೆ ಬೇಸರ ಆಯಿತು. ಚಳಿಗೆ ಸೈನ್ಯದ ಹಳೆಯ ಜಾಕೆಟ್ ಹಾಕಿಕೊಂಡು ಹೋಗಿದ್ದರು. ಡ್ಯೂಟಿಯಲ್ಲಿ ಅದು ಬೇಡ ಎಂದು ತರಬೇತಿ ಕೊಡುವವರು ಹೇಳಿದರು. ಸೈನ್ಯ, ಪೊಲೀಸ್ ಸಮವಸ್ತ್ರ ಅಥವಾ ಅದನ್ನು ಹೋಲುವ ಬಟ್ಟೆ ಖಾಸಗಿ ಕಾವಲುಗಾರರು ಹಾಕುವುದು ಪಸಾರಾದಲ್ಲಿ ಅಪರಾಧ. ಅಷ್ಟು ವರ್ಷ ಹೆಮ್ಮೆಯಿಂದ ಹಾಕಿದ ಬಟ್ಟೆ. ಅವರಿಗೆ ನೋವಾಗಿದ್ದು ನನಗೆ ಅರ್ಥ ಆಗುತ್ತದೆ. ಆದರೆ ನಿಯಮ ಸರಿಯಾಗಿಯೇ ಇದೆ.

ಇಷ್ಟೆಲ್ಲ ಆದಮೇಲೆ ಕೈಗೆ ಬಂದಿದ್ದು ಕಾವಲುಗಾರನಾಗುವ ಅರ್ಹತೆ. ಗನ್ ಹಿಡಿಯುವ ಅಧಿಕಾರ ಅಲ್ಲ. ಏಜೆನ್ಸಿಯ ಪಸಾರಾ ಲೈಸೆನ್ಸ್ ಕೂಡ ಏಜೆನ್ಸಿ ನಡೆಸುವುದಕ್ಕೆ ಇರುವ ಲೈಸೆನ್ಸ್. ಅದರಿಂದ ಯಾರಿಗೂ ಗನ್ ಬರುವುದಿಲ್ಲ. ಗನ್ನಿಗೆ ಶಸ್ತ್ರಾಸ್ತ್ರ ಕಾಯ್ದೆ 1959 ಮತ್ತು ಶಸ್ತ್ರಾಸ್ತ್ರ ನಿಯಮಗಳು 2016, ಅದು ಬೇರೆಯೇ ದಾರಿ.

ಅಪ್ಪನ ಕೋವಿ

ಏಜೆನ್ಸಿಯ ಸೂಪರ್‌ವೈಸರ್ ಒಂದು ದಾರಿ ಹೇಳಿಕೊಟ್ಟರು. "ಸಾರ್, ನಿಮ್ಮ ತಂದೆಯವರ ಹತ್ರ ಒಂದು ಲೆಟರ್ ಬರೆಸ್ಕೊಳಿ. ನನ್ನ ಮಗ ಕೋವಿ ಒಯ್ಯೋದಕ್ಕೆ ನನ್ನ ಒಪ್ಪಿಗೆ ಇದೆ ಅಂತ. ಕಾನೂನಲ್ಲೇ ಇದೆ. ನಾಳೆಯಿಂದಲೇ ಡ್ಯೂಟಿ."

ಹವಾಲ್ದಾರರು ಆ ಪತ್ರದ ಒಕ್ಕಣೆ ಸರಿ ಇದೆಯಾ ಅಂತ ಕೇಳಲು ನಮ್ಮಲ್ಲಿಗೆ ಬಂದರು. ಬಂದದ್ದು ಒಳ್ಳೆಯದಾಯಿತು.

ಸೂಪರ್‌ವೈಸರ್ ಹೇಳಿದ್ದರಲ್ಲಿ ಅರ್ಧ ನಿಜ ಇತ್ತು, ಅದೇ ಅಪಾಯ. ಶಸ್ತ್ರಾಸ್ತ್ರ ಕಾಯ್ದೆಯ 3ನೇ ಕಲಂನಲ್ಲಿ ಲೈಸೆನ್ಸ್ ಇಲ್ಲದೆ ಯಾರೂ ಬಂದೂಕು ಇಟ್ಟುಕೊಳ್ಳುವಂತಿಲ್ಲ, ಒಯ್ಯುವಂತಿಲ್ಲ ಎಂದಿದೆ. ಅದಕ್ಕೊಂದು ವಿನಾಯಿತಿ ಇದೆ. ಲೈಸೆನ್ಸ್‌ದಾರ ಎದುರಿಗಿದ್ದರೆ, ಇಲ್ಲವೇ ಬರವಣಿಗೆಯಲ್ಲಿ ಒಪ್ಪಿಗೆ ಕೊಟ್ಟಿದ್ದರೆ, ಇನ್ನೊಬ್ಬರು ಅವರ ಬಂದೂಕು ಒಯ್ಯಬಹುದು. ಯಾವುದಕ್ಕೆ? ರಿಪೇರಿಗೆ, ಲೈಸೆನ್ಸ್ ನವೀಕರಣಕ್ಕೆ, ಅಥವಾ ಆ ಲೈಸೆನ್ಸ್‌ದಾರರೇ ಬಳಸುವುದಕ್ಕೆ. ಅಷ್ಟೇ. ಅಪ್ಪನ ಕೋವಿಯನ್ನು ಮಗ ರಿಪೇರಿ ಅಂಗಡಿಗೆ ಒಯ್ಯಬಹುದು. ಅದನ್ನು ಹೆಗಲಿಗೆ ಹಾಕಿಕೊಂಡು ಸಂಬಳಕ್ಕೆ ಕ್ಯಾಶ್ ವ್ಯಾನ್ ಕಾಯುವಂತಿಲ್ಲ.

ಆ ಪತ್ರ ಹಿಡಿದು ವ್ಯಾನ್ ಹತ್ತಿದ್ದರೆ ಏನಾಗುತ್ತಿತ್ತು ಎಂದು ಹವಾಲ್ದಾರರಿಗೆ ಬಿಡಿಸಿ ಹೇಳಿದೆ. ಲೈಸೆನ್ಸ್ ಇಲ್ಲದೆ ಬಂದೂಕು ಇಟ್ಟುಕೊಂಡ ಅಪರಾಧ ಅವರ ಮೇಲೆ. 2019ರ ತಿದ್ದುಪಡಿ ಆದಮೇಲೆ ಅದಕ್ಕೆ ಕನಿಷ್ಠ ಎರಡು ವರ್ಷ, ಹೆಚ್ಚೆಂದರೆ ಐದು ವರ್ಷ ಜೈಲು. ಹಕ್ಕಿಲ್ಲದವರ ಕೈಗೆ ಬಂದೂಕು ಕೊಟ್ಟ ಅಪರಾಧ ಅಪ್ಪನ ಮೇಲೆ, ಅದಕ್ಕೂ ಮೂರು ವರ್ಷದವರೆಗೆ ಜೈಲು ಇದೆ. ಅವರೇ ಸಹಿ ಹಾಕಿ ಕೊಟ್ಟ ಪತ್ರವೇ ಸಾಕ್ಷಿ! ಬೆಳೆ ರಕ್ಷಣೆಯ ಕೋವಿ ಬೇರೆ ಉದ್ದೇಶಕ್ಕೆ ಹೋದದ್ದರಿಂದ ಷರತ್ತು ಮುರಿದಂತೆ, ಲೈಸೆನ್ಸೂ ರದ್ದಾಗಬಹುದು. ಏಜೆನ್ಸಿಯವರು ಆಗ ಏನು ಹೇಳುತ್ತಿದ್ದರು? "ಅವರೇ ಗನ್ ಇದೆ ಅಂತ ತಂದರು" ಎನ್ನುತ್ತಿದ್ದರು. ಬಾಯಿಮಾತಲ್ಲಿ ಕೊಟ್ಟ ಸಲಹೆಗೆ ಕಾಗದ ಎಲ್ಲಿದೆ?

ನನಗೆ ಸಿಟ್ಟು ಬರುವುದು ಇಲ್ಲಿಯೇ. ಕೋಟಿಗಟ್ಟಲೆ ಹಣ ಬೇರೆಯವರದು. ಆ ಹಣ ಸಾಗಿಸಿ ಲಾಭ ಮಾಡುವವರು ಇನ್ನೊಬ್ಬರು. ಆದರೆ ಗನ್ನಿನ ಲೈಸೆನ್ಸಿನ ಜವಾಬ್ದಾರಿ, ಅದರ ಖರ್ಚು, ತಪ್ಪಾದರೆ ಜೈಲು, ಇದೆಲ್ಲ ತಿಂಗಳ ಸಂಬಳಕ್ಕೆ ನಿಂತವನ ತಲೆಗೆ. ಹಣ ಕಾಯುವ ಗನ್ನು ಹಣದ ಜವಾಬ್ದಾರಿ ಹೊತ್ತ ಸಂಸ್ಥೆಯ ಲೈಸೆನ್ಸಿನಲ್ಲೇ ಇರಬೇಕು. "ಗನ್ ಇದ್ದರೆ ಬಾ" ಎಂಬ ಈ ಪದ್ಧತಿ ನಿಲ್ಲಬೇಕು.

ಅಪ್ಪನ ಕೋವಿಯನ್ನು ಕಾನೂನುಬದ್ಧವಾಗಿ ಮಗನ ಹೆಸರಿಗೆ ಮಾಡಿಸಬಹುದಲ್ವಾ? ಮಾಡಿಸಬಹುದು. 2016ರ ನಿಯಮಗಳ 25ನೇ ನಿಯಮದಲ್ಲಿ ದಾರಿ ಇದೆ. ಲೈಸೆನ್ಸ್‌ದಾರ ತೀರಿಕೊಂಡ ಮೇಲಷ್ಟೇ ಅಲ್ಲ, ಅವರಿಗೆ 70 ವರ್ಷ ತುಂಬಿದ್ದರೆ ಅಥವಾ ಬಂದೂಕು ಅವರ ಹತ್ತಿರ 25 ವರ್ಷ ಇದ್ದರೆ, ಬದುಕಿರುವಾಗಲೇ ವಾರಸುದಾರರ ಹೆಸರಿಗೆ ಲೈಸೆನ್ಸ್ ಕೇಳಬಹುದು. ಅಪ್ಪನಿಗೆ 72. ಎರಡೂ ಹೊಂದುತ್ತಿತ್ತು. ಅಕ್ಕ ತಂಗಿಯರ ಒಪ್ಪಿಗೆ ಪತ್ರವೂ ಸಿಗುತ್ತಿತ್ತು.

ಆದರೆ ಹೆಸರು ಬದಲಾದ ಮಾತ್ರಕ್ಕೆ ಉದ್ದೇಶ ಬದಲಾಗುವುದಿಲ್ಲ. ಬೆಳೆ ರಕ್ಷಣೆಯ ಕೋವಿ ಬೆಳೆ ರಕ್ಷಣೆಗೇ. ಅದು ಹೊಲ ಬಿಟ್ಟು ನಗರಕ್ಕೆ ಹೊರಡುವಂತಿಲ್ಲ. ಇದನ್ನು ಹೇಳಿದಾಗ ಅಪ್ಪ ಸುಲಭವಾಗಿ ಒಪ್ಪಿಕೊಂಡರು. "ಕೋವಿ ಇಲ್ಲೇ ಇರಲಿ ಕಣಪ್ಪಾ. ನೀನು ಅದನ್ನ ಪೇಟೆಗೆ ತಗೊಂಡು ಹೋದ್ರೆ ಹಂದಿಗೆ ನಾನೇನು ತಟ್ಟೆ ಬಡೀಲಾ?" ಎಂದರು. ಆ ದಾರಿ ಅಲ್ಲಿಗೆ ಬಿಟ್ಟೆವು.

ಇಲ್ಲೊಂದು ಮಾತು. ನಮ್ಮ ರಾಜ್ಯದಲ್ಲಿ ಈ ಗೊಂದಲ ಜಾಸ್ತಿ ಆಗಲು ಕೊಡಗಿನ ವಿನಾಯಿತಿಯೂ ಕಾರಣ. ಕೊಡವರಿಗೆ ಮತ್ತು ಜಮ್ಮಾ (ಕೊಡಗಿನ ವಂಶಪಾರಂಪರ್ಯ ಜಮೀನು) ಹಿಡುವಳಿದಾರರಿಗೆ ಕೆಲವು ಬಗೆಯ ಬಂದೂಕು ಇಟ್ಟುಕೊಳ್ಳಲು ಲೈಸೆನ್ಸಿನಿಂದ ವಿನಾಯಿತಿ ಇದೆ. ಕೇಂದ್ರ ಸರ್ಕಾರ 2019ರಲ್ಲಿ ಅದನ್ನು 2029ರವರೆಗೆ ಮುಂದುವರಿಸಿತು. 2021ರಲ್ಲಿ ಹೈಕೋರ್ಟ್ ಕೂಡ ಅದನ್ನು ಎತ್ತಿಹಿಡಿಯಿತು. ಅದು ಅವರ ಪರಂಪರೆಗೆ ಕೊಟ್ಟ ಮರ್ಯಾದೆ. ಪಕ್ಕದ ಜಿಲ್ಲೆಯವರು ಅದನ್ನು ನೋಡಿ ನಮಗೂ ನಡೆಯುತ್ತದೆ ಎಂದುಕೊಳ್ಳಬಾರದು.

ಸ್ವಂತ ಅರ್ಜಿ

ಮುಂದಿನ ದಾರಿ ಹವಾಲ್ದಾರರ ಹೆಸರಿನಲ್ಲೇ ಹೊಸ ಲೈಸೆನ್ಸ್. ಬೆಂಗಳೂರು, ಮೈಸೂರಿನಂಥ ಕಮಿಷನರೇಟ್ ಇರುವ ನಗರಗಳಲ್ಲಿ ಪೊಲೀಸ್ ಕಮಿಷನರ್‌ಗೆ, ಉಳಿದ ಕಡೆ ಜಿಲ್ಲಾಧಿಕಾರಿಗೆ ಅರ್ಜಿ. ನಮೂನೆ ಎ-1. ಈಗ ಆನ್‌ಲೈನ್ ವ್ಯವಸ್ಥೆಯಲ್ಲಿ ದಾಖಲಾಗುತ್ತದೆ, ಲೈಸೆನ್ಸ್ ಸಿಕ್ಕರೆ ರಾಷ್ಟ್ರೀಯ ಪಟ್ಟಿಯಲ್ಲಿ ಒಂದು ವಿಶಿಷ್ಟ ಸಂಖ್ಯೆ ಬರುತ್ತದೆ. ಆ ಸಂಖ್ಯೆ ಇಲ್ಲದ ಲೈಸೆನ್ಸಿಗೆ ಬೆಲೆ ಇಲ್ಲ. ವಯಸ್ಸು 21 ತುಂಬಿರಬೇಕು. ಕಾವಲುಗಾರನಾಗಲು 18 ಸಾಕು, ಗನ್ನಿಗೆ 21 ಬೇಕು ಎಂಬ ಈ ವ್ಯತ್ಯಾಸ ಚಿಕ್ಕ ಹುಡುಗರಿಗೆ ಗೊತ್ತಿರುವುದಿಲ್ಲ.

ಅರ್ಜಿಯ ಜೊತೆ ವಿಳಾಸ, ಗುರುತು, ವಯಸ್ಸಿನ ದಾಖಲೆ. ವೈದ್ಯರಿಂದ ಎಸ್-3 ನಮೂನೆಯಲ್ಲಿ ದೇಹ ಮತ್ತು ಮನಸ್ಸಿನ ಆರೋಗ್ಯದ ಪ್ರಮಾಣಪತ್ರ. ಆಯುಧವನ್ನು ಸುರಕ್ಷಿತವಾಗಿ ಬಳಸುವ ತರಬೇತಿಯ ಪ್ರಮಾಣಪತ್ರ. ಹವಾಲ್ದಾರರು ಸೇವೆಯಿಂದ ಬಿಡುಗಡೆಯಾದ ಪುಸ್ತಕ ಮತ್ತು ಏಜೆನ್ಸಿಯ ಆಫರ್ ಪತ್ರವನ್ನೂ ಲಗತ್ತಿಸಿದರು.

ಅರ್ಜಿ ತುಂಬುವಾಗ, ಠಾಣೆಯ ವರದಿಗೂ ಮೊದಲೇ, ಒಂದು ತೊಡಕು ಬಂತು. ಸುಮಾರು ವರ್ಷಗಳ ಹಿಂದೆ, ಅವರು ರಜೆಯಲ್ಲಿ ಊರಿಗೆ ಬಂದಿದ್ದಾಗ, ಗದ್ದೆಯ ಬದುವಿನ ವಿಚಾರಕ್ಕೆ ದಾಯಾದಿಗಳ ಜೊತೆ ಮಾತಿಗೆ ಮಾತು ಬೆಳೆದು ದೂರಾಗಿತ್ತು. ಪೊಲೀಸರು ತನಿಖೆ ಮಾಡಿ ಬಿ ರಿಪೋರ್ಟ್ ಹಾಕಿದ್ದರು. ಅಂದರೆ ಪ್ರಕರಣದಲ್ಲಿ ಹುರುಳಿಲ್ಲ ಎಂದು ಮುಗಿಸಿದ್ದರು. ಹವಾಲ್ದಾರರು ಅದನ್ನು ಮರೆತೇಬಿಟ್ಟಿದ್ದರು. ಅರ್ಜಿಯಲ್ಲಿ ಹಿಂದೆ ಯಾವುದಾದರೂ ಪ್ರಕರಣ ಇತ್ತೇ ಎಂಬ ಜಾಗದಲ್ಲಿ 'ಇಲ್ಲ' ಎಂದು ಬರೆಯಲು ಹೊರಟಿದ್ದರು. ಅಪ್ಪನೇ ನೆನಪಿಸಿದರು.

ಇದು ಚಿಕ್ಕ ವಿಷಯ ಅಲ್ಲ. ಮುಗಿದುಹೋದ ದೂರು ಲೈಸೆನ್ಸಿಗೆ ಅಡ್ಡ ಬರಲೇಬೇಕೆಂದಿಲ್ಲ. ಆದರೆ ಅದನ್ನು ಬಚ್ಚಿಟ್ಟರೆ, ತಪ್ಪು ಮಾಹಿತಿ ಕೊಟ್ಟಂತಾಗಿ ಅದೇ ಒಂದು ಕಾರಣವಾಗುತ್ತದೆ. ಸಿಕ್ಕ ಲೈಸೆನ್ಸೂ ಆಮೇಲೆ ಹೋಗಬಹುದು. ಕೋರ್ಟಿನಿಂದ ಬಿ ರಿಪೋರ್ಟ್ ಅಂಗೀಕಾರವಾದ ಆದೇಶದ ದೃಢೀಕೃತ ಪ್ರತಿ ತೆಗೆಸಿ, ಅರ್ಜಿಯಲ್ಲಿ ಇದ್ದದ್ದನ್ನು ಇದ್ದ ಹಾಗೆ ಬರೆದು, ಆ ಪ್ರತಿ ಜೊತೆಗಿಟ್ಟೆವು. ಬೀಟ್ ಪೊಲೀಸರು ಮನೆಗೆ ಬಂದರು. ಮನೆಯಲ್ಲಿ ಯಾರ್ಯಾರಿದ್ದಾರೆ, ಕುಡಿತ ಇದೆಯಾ, ಕೋವಿ ಎಲ್ಲಿಡುತ್ತೀರಿ, ಬೀಗ ಇದೆಯಾ ಅಂತ ಕೇಳಿದರು. ಪಕ್ಕದ ಮನೆಯವರನ್ನೂ ವಿಚಾರಿಸಿದರು. ಬದುವಿನ ಜಗಳದ ಆ ದಾಯಾದಿಯೇ ಒಳ್ಳೆಯ ಮಾತು ಹೇಳಿದರಂತೆ.

ವರದಿಯಲ್ಲಿ ನಡತೆಯ ಬಗ್ಗೆ ಆಕ್ಷೇಪ ಇರಲಿಲ್ಲ. ಆದರೂ ಅರ್ಜಿ ತಿರಸ್ಕಾರ ಆಯಿತು. ಜೀವಕ್ಕೆ ಅಥವಾ ಆಸ್ತಿಗೆ ಬೆದರಿಕೆ ಇರುವುದು ಕಂಡುಬಂದಿಲ್ಲ ಎಂಬುದು ಕಾರಣ.

ಹವಾಲ್ದಾರರಿಗೆ ಇದು ಅವಮಾನದಂತೆ ಕಂಡಿತು. ದೇಶ ಕಾಯಲು ಆಯುಧ ಕೊಟ್ಟರು, ಈಗ ನಂಬುವುದಿಲ್ಲವೇ ಎಂದು ಕೇಳಿದರು. ನಂಬಿಕೆಯ ಪ್ರಶ್ನೆ ಅಲ್ಲ ಅದು. 2016ರ ನಿಯಮಗಳಲ್ಲಿ ಲೈಸೆನ್ಸ್ ಕೊಡುವಾಗ ಯಾರ ಅರ್ಜಿಗಳನ್ನು ಪರಿಗಣಿಸಬಹುದು ಎಂಬಲ್ಲಿ ಸೈನ್ಯದಲ್ಲಿ ಸೇವೆ ಮಾಡಿದವರ ಹೆಸರೂ ಇದೆ. ಆದರೆ ಆ ವಾಕ್ಯ ಅಲ್ಲಿಗೇ ಮುಗಿಯುವುದಿಲ್ಲ. ತಮ್ಮ ಜೀವ ಅಥವಾ ಆಸ್ತಿ ಕಾಪಾಡಿಕೊಳ್ಳುವ ನಿಜವಾದ ಅಗತ್ಯ ಇರುವವರು ಎಂದು ಸೇರಿಸಿದ್ದಾರೆ. ತಮ್ಮ ಜೀವ, ತಮ್ಮ ಆಸ್ತಿ. ಬೇರೊಬ್ಬರ ಹಣವನ್ನು ಸಂಬಳಕ್ಕೆ ಕಾಯುವುದು ಆ ಮಾತಿನೊಳಗೆ ಸಲೀಸಾಗಿ ಕೂರುವುದಿಲ್ಲ. ಕೆಲಸದ ಸ್ವರೂಪವನ್ನು ಅಗತ್ಯ ಎಂದು ಒಪ್ಪಿ ಲೈಸೆನ್ಸ್ ಕೊಟ್ಟರೆ ಕೊಟ್ಟರು, ಇಲ್ಲದಿದ್ದರೆ ಇಲ್ಲ. ಆಫರ್ ಪತ್ರ ಇಟ್ಟ ಮಾತ್ರಕ್ಕೆ ಅದು ಹಕ್ಕಾಗುವುದಿಲ್ಲ.

ಏಜೆನ್ಸಿ ಹೇಳುತ್ತದೆ, ಲೈಸೆನ್ಸ್ ತಂದರೆ ಕೆಲಸ. ಕಚೇರಿ ಹೇಳುತ್ತದೆ, ನಿಮಗೆ ಅಗತ್ಯ ಏನು ತೋರಿಸಿ. ಕೆಲಸವೇ ಇಲ್ಲದವನು ಅಗತ್ಯ ಹೇಗೆ ತೋರಿಸಬೇಕು? ಈ ಸುತ್ತಿನಲ್ಲಿ ಸಿಕ್ಕಿಕೊಂಡವರು ಕೊನೆಗೆ ಆತ್ಮರಕ್ಷಣೆ ಎಂದು ಏನೋ ಒಂದು ಬೆದರಿಕೆಯ ಕತೆ ಕಟ್ಟುತ್ತಾರೆ. ದಯವಿಟ್ಟು ಅದನ್ನು ಮಾಡಬೇಡಿ. ಹಾಗೆ ಲೈಸೆನ್ಸ್ ಪಡೆದು ಕ್ಯಾಶ್ ವ್ಯಾನ್ ಹತ್ತಿದರೆ, ಆಯುಧ ಯಾವ ಉದ್ದೇಶಕ್ಕೆ ಕೊಟ್ಟಿತ್ತು ಎಂಬ ಪ್ರಶ್ನೆ ಬಂದ ದಿನ ಉತ್ತರ ಇರುವುದಿಲ್ಲ. ಸೇವೆಯಲ್ಲಿದ್ದಾಗ ಹೊರರಾಜ್ಯದಲ್ಲಿ ಲೈಸೆನ್ಸ್ ಮಾಡಿಸಿಕೊಂಡು ಬರುವುದೂ ಸುರಕ್ಷಿತ ದಾರಿ ಅಲ್ಲ. ಜಮ್ಮು ಕಾಶ್ಮೀರದಲ್ಲಿ 2012ರಿಂದ 2016ರ ನಡುವೆ ಕೊಟ್ಟ ಲೈಸೆನ್ಸುಗಳ ಮೇಲೆ ಸಿಬಿಐ ತನಿಖೆ ನಡೆಸಿತು. 2.78 ಲಕ್ಷಕ್ಕೂ ಹೆಚ್ಚು ಲೈಸೆನ್ಸುಗಳ ಮಾತು ಅದು. ಸರಿಯಾಗಿಯೇ ಪಡೆದವರನ್ನೂ ಅನುಮಾನದಿಂದ ನೋಡುವ ಹಾಗಾಯಿತು.

ತಿರಸ್ಕಾರದ ವಿರುದ್ಧ ಮೇಲ್ಮನವಿಗೆ ಕಾಯ್ದೆಯಲ್ಲೇ ಅವಕಾಶ ಇದೆ. ಕಾರಣವನ್ನು ಬರವಣಿಗೆಯಲ್ಲಿ ಕೇಳಿ ಪಡೆಯಬಹುದು. ಹವಾಲ್ದಾರರು ಕಾರಣದ ಪ್ರತಿ ಪಡೆದುಕೊಂಡರು, ಮೇಲ್ಮನವಿಗೆ ಹೋಗಲಿಲ್ಲ. ಅಷ್ಟರಲ್ಲಿ ಬೇರೆ ದಾರಿ ಕಂಡಿತ್ತು.

ಬ್ಯಾಂಕಿನ ಗನ್, ಬ್ಯಾಂಕಿನ ಲೈಸೆನ್ಸ್

ಹತ್ತಿರದ ಪಟ್ಟಣದ ಒಂದು ಬ್ಯಾಂಕ್ ಶಾಖೆಯಲ್ಲಿ ಗನ್‌ಮ್ಯಾನ್ ವಯಸ್ಸಾಗಿ ಬಿಡುವವರಿದ್ದರು. ಅಲ್ಲಿ ಗನ್ ಬ್ಯಾಂಕಿನದು. ಲೈಸೆನ್ಸ್ ಬ್ಯಾಂಕಿನ ಹೆಸರಲ್ಲಿ. ಗನ್ ಹಿಡಿಯುವವರ ಹೆಸರನ್ನು ಅದೇ ಲೈಸೆನ್ಸಿನಲ್ಲಿ ರಿಟೈನರ್ ಎಂದು ಸೇರಿಸುತ್ತಾರೆ. ರಿಟೈನರ್‌ಗೆ ಪ್ರತ್ಯೇಕ ಲೈಸೆನ್ಸ್ ಬೇಡ. ಬ್ಯಾಂಕಿನ ಅಗತ್ಯ ಬ್ಯಾಂಕೇ ಸಾಬೀತು ಮಾಡಿ ಆಗಿದೆ. ಉಳಿಯುವುದು ಈ ಮನುಷ್ಯ ಸರಿಯಾದವನೇ ಎಂಬ ಪ್ರಶ್ನೆ ಮಾತ್ರ. ಆ ಪ್ರಶ್ನೆಗೆ ಹವಾಲ್ದಾರರ ಹತ್ತಿರ ಒಳ್ಳೆಯ ಉತ್ತರ ಇತ್ತು.

ಬ್ಯಾಂಕಿನವರು ಹಳೆಯವರ ಹೆಸರು ತೆಗೆದು ಇವರ ಹೆಸರು ಸೇರಿಸಲು ಲೈಸೆನ್ಸ್ ಪ್ರಾಧಿಕಾರಕ್ಕೆ ಬರೆದರು. ಮತ್ತೆ ಠಾಣೆಯ ವರದಿ. ಈ ಸಲ ಬಿ ರಿಪೋರ್ಟಿನ ಪ್ರತಿ ಸಿದ್ಧವಾಗಿತ್ತು, ಕೆಲಸ ಬೇಗ ಆಯಿತು. ಬ್ಯಾಂಕ್ ನೇರವಾಗಿ ನೇಮಿಸಿಕೊಂಡದ್ದರಿಂದ ಏಜೆನ್ಸಿಯ ಗುರುತಿನ ಚೀಟಿ ಬೇಕಾಗಲಿಲ್ಲ. ಆದರೂ ಪಸಾರಾ ತರಬೇತಿಯ ಪ್ರಮಾಣಪತ್ರ ನೋಡಿದರು. ಆ ಏಳು ದಿನ ವ್ಯರ್ಥ ಆಗಲಿಲ್ಲ.

ಹೆಸರು ಸೇರಿದ ಆದೇಶ ಬರುವವರೆಗೆ ಬ್ಯಾಂಕಿನ ಮ್ಯಾನೇಜರ್ ಇವರ ಕೈಗೆ ಗನ್ ಕೊಡಲಿಲ್ಲ. ಹಳೆಯ ಗನ್‌ಮ್ಯಾನ್ ಊಟಕ್ಕೆ ಹೋದಾಗಲೂ ಗನ್ನನ್ನು ಒಳಗಿಟ್ಟು ಬೀಗ ಹಾಕುತ್ತಿದ್ದರು. ಹವಾಲ್ದಾರರು ಬರಿಗೈಯಲ್ಲಿ ಬಾಗಿಲಲ್ಲಿ ನಿಂತರು. ಆ ಮ್ಯಾನೇಜರ್ ಬಗ್ಗೆ ನನಗೆ ತುಂಬ ಗೌರವ ಇದೆ. ಐದು ನಿಮಿಷಕ್ಕೆ ಏನಾಗುತ್ತದೆ ಎಂದುಕೊಳ್ಳುವವರೇ ಜಾಸ್ತಿ.

ಗನ್ ಕೈಗೆ ಬಂದ ದಿನ ಇನ್ನೊಂದು ವಿಷಯ ಎದುರಾಯಿತು. ಸೈನ್ಯದಲ್ಲಿ ಅವರು ಹಿಡಿದದ್ದು ಇನ್ಸಾಸ್ ರೈಫಲ್, ಆಮೇಲೆ ಎಕೆ ರೈಫಲ್. ಬ್ಯಾಂಕಿನದು 12 ಬೋರ್ ಜೋಡಿ ನಳಿಗೆ, ಮನೆಯ ಕೋವಿಯ ಜಾತಿಯದೇ. ಮ್ಯಾಗಜಿನ್ ಇಲ್ಲ. ಮಧ್ಯದಲ್ಲಿ ಮುರಿದಂತೆ ಬಗ್ಗಿಸಿ ಎರಡು ತೋಟಾ ಹಾಕಬೇಕು, ಎರಡು ಈಡು ಮುಗಿದರೆ ಮತ್ತೆ ಬಗ್ಗಿಸಬೇಕು. ರೈಫಲಿನ ಗುಂಡು ಒಂದೇ ಕಡೆ ಹೋಗುತ್ತದೆ. ತೋಟಾದ ಚರೆ, ಅಂದರೆ ಅದರೊಳಗಿನ ಸಣ್ಣ ಸಣ್ಣ ಗುಂಡು, ದೂರ ಹೋದಷ್ಟೂ ಹರಡುತ್ತದೆ. ಗ್ರಾಹಕರು ತುಂಬಿದ ಹಾಲ್‌ನಲ್ಲಿ ಹರಡುವ ಚರೆ ಎಂದರೆ ಏನೆಂದು ಯೋಚಿಸಿ. ಗುರಿ ಇಡುವ ಕೌಶಲ್ಯಕ್ಕಿಂತ ಹಾರಿಸದೆ ಇರುವ ತೀರ್ಮಾನ ಅಲ್ಲಿ ದೊಡ್ಡದು.

ಅವರು ದಿನದ ಕ್ರಮವನ್ನು ನನಗೆ ತೋರಿಸಿದ್ದರು. ಬೆಳಿಗ್ಗೆ ಗನ್ ಹೊರತೆಗೆಯುವಾಗ ಮೊದಲು ನಳಿಗೆಯ ಬಾಯಿ ಮರಳು ತುಂಬಿದ ಡಬ್ಬಿಯ ಕಡೆಗೆ. ಬೆರಳು ಟ್ರಿಗರ್‌ನಿಂದ ದೂರ. ಬಗ್ಗಿಸಿ ಎರಡೂ ನಳಿಗೆ ಖಾಲಿ ಇದೆಯೇ ಎಂದು ಕಣ್ಣಲ್ಲಿ ನೋಡಿ, ಬೆರಳಲ್ಲಿ ಮುಟ್ಟಿ, ಆಮೇಲೆ ಬೆಳಕಿಗೆ ಹಿಡಿದು ನಳಿಗೆಯೊಳಗೆ ಇಣುಕಿ ನೋಡುತ್ತಾರೆ. ಜೇಡ ಗೂಡು ಕಟ್ಟಿದ್ದರೂ ಕಾಣಬೇಕು. ತೋಟಾ ಎಣಿಸಿ ರಿಜಿಸ್ಟರಿನಲ್ಲಿ ಗನ್ನಿನ ನಂಬರ್, ತೋಟಾ ಸಂಖ್ಯೆ, ಸಮಯ ಬರೆದು ಸಹಿ. ಸಂಜೆ ಅದೇ ಕ್ರಮ ತಿರುಗಾಮುರುಗಾ. ಗನ್ ಬ್ಯಾಂಕಿನಲ್ಲೇ ಉಳಿಯುತ್ತದೆ. ಇವರು ಬರಿಗೈಯಲ್ಲಿ ಬಸ್ ಹತ್ತುತ್ತಾರೆ. ಸ್ವಂತ ಗನ್ ಇರುವ ಗನ್‌ಮ್ಯಾನ್‌ಗಳು ಅದನ್ನು ದಿನಾ ಬಸ್ಸಿನಲ್ಲಿ, ಬೈಕಿನಲ್ಲಿ ಹೊತ್ತು ಬಾಡಿಗೆ ರೂಮಿಗೆ ಒಯ್ಯುವುದನ್ನು ನೆನೆದರೆ ನನಗೆ ಈಗಲೂ ಎದೆ ಧಸಕ್ ಎನ್ನುತ್ತದೆ.

ಗುಂಡು ಹಾರಿಸುವ ಹಕ್ಕು

ಗನ್‌ಮ್ಯಾನ್ ಪೊಲೀಸ್ ಅಲ್ಲ. ಅವನಿಗೆ ಇರುವುದು ಎಲ್ಲ ನಾಗರಿಕರಿಗೂ ಇರುವ ಆತ್ಮರಕ್ಷಣೆಯ ಹಕ್ಕು ಮಾತ್ರ. ಭಾರತೀಯ ನ್ಯಾಯ ಸಂಹಿತೆಯ 34ರಿಂದ 44ರವರೆಗಿನ ಕಲಂಗಳು ಅದನ್ನು ಹೇಳುತ್ತವೆ. ರಕ್ಷಣೆಗೆ ಎಷ್ಟು ಬೇಕೋ ಅಷ್ಟೇ ಬಲ. ದರೋಡೆಯನ್ನು ತಡೆಯುವಾಗ ಸಾವು ಸಂಭವಿಸುವಷ್ಟು ಬಲಕ್ಕೂ ಕಾನೂನು ಜಾಗ ಕೊಟ್ಟಿದೆ. ಆದರೆ ಸರ ಕಿತ್ತುಕೊಂಡು ಓಡುವವನ ಬೆನ್ನಿಗೆ ಗುಂಡು ಹೊಡೆದರೆ ಆ ಜಾಗ ಸಿಗುವುದಿಲ್ಲ. ಕಳ್ಳನನ್ನು ಹಿಡಿದರೆ ಪೊಲೀಸರಿಗೆ ಒಪ್ಪಿಸಬೇಕು, ಹೊಸ ನಾಗರಿಕ ಸುರಕ್ಷಾ ಸಂಹಿತೆಯ ಪ್ರಕಾರ ಆರು ಗಂಟೆಯೊಳಗೆ.

ಸೈನಿಕರಿಗೆ ಇದನ್ನು ತಲೆಗೆ ತಂದುಕೊಳ್ಳಲು ಸಮಯ ಬೇಕಾಗುತ್ತದೆ. ಅಲ್ಲಿ ಆದೇಶ ಇತ್ತು, ಹಿಂದೆ ಪಲ್ಟನ್ ಇತ್ತು. ಇಲ್ಲಿ ಒಬ್ಬನೇ ನಿರ್ಧರಿಸಿ, ಆಮೇಲೆ ಒಬ್ಬನೇ ಕೋರ್ಟಿನಲ್ಲಿ ನಿಲ್ಲಬೇಕು. ಹವಾಲ್ದಾರರ ಜೊತೆ ನಾನು ಜಾಸ್ತಿ ಹೊತ್ತು ಮಾತಾಡಿದ್ದು ಇದನ್ನೇ.

ಚುನಾವಣೆ ಬಂದಾಗ

ಚುನಾವಣೆ ಘೋಷಣೆ ಆದಾಗ ಲೈಸೆನ್ಸಿನ ಆಯುಧಗಳನ್ನು ಠಾಣೆಯಲ್ಲಿ ಠೇವಣಿ ಇಡಲು ನೋಟಿಸ್ ಬರುತ್ತದೆ. 2024ರ ಲೋಕಸಭಾ ಚುನಾವಣೆಗೂ ಬಂತು. ಬ್ಯಾಂಕಿನ ಗನ್ನಿಗೆ ವಿನಾಯಿತಿ ಇತ್ತು. ಬ್ಯಾಂಕಿನಿಂದ ಒಂದು ಪತ್ರ ಹೋಯಿತು, ಹವಾಲ್ದಾರರ ಡ್ಯೂಟಿ ನಿಲ್ಲಲಿಲ್ಲ. ಅಪ್ಪನ ಕೋವಿ ಠಾಣೆಗೆ ಹೋಯಿತು, ಎಲೆಕ್ಷನ್ ಮುಗಿದ ಮೇಲೆ ವಾಪಸ್ ಬಂತು. ಅಪ್ಪ ಒಪ್ಪಿಗೆ ಪತ್ರ ಬರೆದು ಕೊಟ್ಟರೂ ಮಗ ಒಬ್ಬರೇ ಕೋವಿ ಒಯ್ಯಲಿಲ್ಲ, ಅಪ್ಪನೇ ಜೊತೆಗೆ ಹೋದರು. ಯಾವುದಕ್ಕೆ ವಿನಾಯಿತಿ ಇದೆ, ಯಾವುದಕ್ಕೆ ಇಲ್ಲ ಎಂಬುದು ಆ ಮನೆಯಲ್ಲಿ ಈಗ ಎಲ್ಲರಿಗೂ ಬಾಯಿಪಾಠ.

ಅದೇ ಸಮಯದಲ್ಲಿ ಸ್ವಂತ ಗನ್ನಿನ ಮೇಲೆ ಕೆಲಸ ಮಾಡುವ ನಮ್ಮ ಸಂಘದ ಇಬ್ಬರು ಮೂವರಿಗೆ ತೊಂದರೆ ಆಯಿತು. ಗನ್ ಠಾಣೆಗೆ ಹೋದ ಮೇಲೆ ಗನ್‌ಮ್ಯಾನ್ ಸಂಬಳ ನಿಂತಿತು. ವಿನಾಯಿತಿಗೆ ಅರ್ಜಿ ಹಾಕಿದರೆ, ನಿಮ್ಮ ಲೈಸೆನ್ಸ್ ಆತ್ಮರಕ್ಷಣೆಗೆ ಇರುವುದಲ್ವಾ ಎಂಬ ಪ್ರಶ್ನೆ ಬಂತು.

ಈಗಿನ ಸ್ಥಿತಿ

ಹವಾಲ್ದಾರರು ಬ್ಯಾಂಕಿನಲ್ಲಿ ಮುಂದುವರಿದಿದ್ದಾರೆ. ಲೈಸೆನ್ಸಿನ ಅವಧಿ 2019ರ ತಿದ್ದುಪಡಿಯಂತೆ ಐದು ವರ್ಷ, ನವೀಕರಣದ ಕೆಲಸ ಬ್ಯಾಂಕಿನದು. ಕ್ಯಾಶ್ ವ್ಯಾನಿನಲ್ಲಿ ಹೇಳಿದಷ್ಟು ಸಂಬಳ ಇಲ್ಲಿ ಇಲ್ಲ, ಅದು ನಿಜ. ಅಪ್ಪನ ಕೋವಿಯನ್ನು ಬೆಳೆ ರಕ್ಷಣೆಗೆಂದೇ ತಮ್ಮ ಹೆಸರಿಗೆ ಮಾಡಿಸಲು ಈಚೆಗೆ ಅರ್ಜಿ ಹಾಕಿದ್ದಾರೆ. ಅದಕ್ಕೆ ಅಕ್ಕ ತಂಗಿಯರ ಸಹಿ ಆಗಿದೆ, ಠಾಣೆಯ ವರದಿ ಬರಬೇಕು.

ಸಂಘದಲ್ಲಿ ನಾವು ಒಂದು ಬದಲಾವಣೆ ಮಾಡಿಕೊಂಡೆವು. ಗನ್‌ಮ್ಯಾನ್ ಬೇಕು ಎಂದು ಕೇಳಿ ಬರುವ ಏಜೆನ್ಸಿಗಳಿಗೆ ಮೊದಲು ನಾವೇ ಬರವಣಿಗೆಯಲ್ಲಿ ಕೇಳುತ್ತೇವೆ: ಗನ್ ಯಾರದು, ಲೈಸೆನ್ಸ್ ಯಾರ ಹೆಸರಲ್ಲಿದೆ, ಅದರಲ್ಲಿ ಬರೆದ ಉದ್ದೇಶ ಏನು, ಯಾವ ಯಾವ ಜಿಲ್ಲೆಗೆ ಅದು ಸಲ್ಲುತ್ತದೆ, ಹೊಸಬರ ಹೆಸರನ್ನು ರಿಟೈನರ್ ಆಗಿ ಸೇರಿಸುತ್ತೀರಾ. ಸ್ವಂತ ಲೈಸೆನ್ಸ್ ಇದ್ದವರಾದರೆ, ಅದರ ಮೇಲೆ ಸಂಬಳದ ಕೆಲಸ ಮಾಡಬಹುದೇ ಎಂದು ಲೈಸೆನ್ಸ್ ಕೊಟ್ಟ ಕಚೇರಿಯಿಂದಲೇ ಲಿಖಿತ ಉತ್ತರ ತರಲು ಹೇಳುತ್ತೇವೆ. ಕೆಲವು ಏಜೆನ್ಸಿಗಳು ಉತ್ತರ ಕೊಟ್ಟಿವೆ. ಕೆಲವು ಮತ್ತೆ ಫೋನ್ ಮಾಡಿಲ್ಲ. ಉತ್ತರ ಕೊಡದ ಕಡೆಗೆ ನಾವು ಯಾರನ್ನೂ ಕಳಿಸುತ್ತಿಲ್ಲ.